ಮನೆಯ ಗಂಟು, ಮಠದ ದಫ್ತರ: ಹಳೆಯ ಪತ್ರಗಳ ರಕ್ಷಣೆ ನಮ್ಮ ಹೊಣೆ

'ಪತ್ರ' ಎಂಬ ಶಬ್ದಕ್ಕೆ ಎಲೆಯೆಂಬುದೇ ಮೂಲಾರ್ಥ. ನಮ್ಮ ಹಿರಿಯರು ತಾಳೆಯ ಗರಿಯ ಮೇಲೆ ಬರೆಯುತ್ತಿದ್ದುದರಿಂದ ಎಲೆಯ ಹೆಸರೇ ಬರೆಹಕ್ಕೂ ಬಂದಿತು. ಕನ್ನಡದ 'ಓಲೆ'ಯ ಕಥೆಯೂ ಇದೇ. ಗರಿಗೆ ಓಲೆಯೆಂದರು, ಗರಿಯ ಮೇಲೆ ಬರೆದ ಸುದ್ದಿಗೂ ಓಲೆಯೆಂದರು, ಅದನ್ನು ಹೊತ್ತು ಊರಿಂದೂರಿಗೆ ನಡೆದವನನ್ನು ಓಲೆಕಾರನೆಂದರು. ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ವಾಲೀಕಾರರೆಂಬ ಮನೆತನದ ಹೆಸರಿನಲ್ಲಿ ಆ ಶಬ್ದವು ಇಂದಿಗೂ ಜೀವಂತವಾಗಿದೆ. ಓಲೆಯೂ ಹೋಯಿತು, ಓಲೆ ಹೊರುವ ಕಾಯಕವೂ ಹೋಯಿತು, ಹೆಸರು ಮಾತ್ರ ಉಳಿಯಿತು. ಹೆಸರಾದರೂ ಉಳಿಯಿತಲ್ಲಾ ಎಂದು ಸಮಾಧಾನಪಡುವುದಕ್ಕಿಂತ, ಬರೆಹವೇ ಉಳಿದಿರುವಲ್ಲಿ ಅದನ್ನು ಕಾಯ್ದುಕೊಳ್ಳುವುದು ಮೇಲಲ್ಲವೆ?

ಬರೆಹವು ಉಳಿದಿರುವ ಸ್ಥಳಗಳು ನಾವು ಎಣಿಸುವುದಕ್ಕಿಂತ ಹೆಚ್ಚು. ಅಟ್ಟದ ಮೇಲಿನ ತಗಡಿನ ಪೆಟ್ಟಿಗೆ, ದೇವರಮನೆಯ ಗೂಡು, ಮಠದ ಉಗ್ರಾಣದ ಮೂಲೆ, ಹಳೆಯ ಅಂಗಡಿಯ ಗಲ್ಲೆಯ ಕೆಳಗಿನ ಗಂಟು, ಹೀಗೆ ಎಲ್ಲೆಲ್ಲಿಯೂ ಕಾಗದಗಳಿವೆ. ಕ್ರಯಪತ್ರ, ಕರಾರುಪತ್ರ, ಸನದು, ಕಿರ್ದಿ ಪುಸ್ತಕ, ಮದುವೆಯ ಲಗ್ನಪತ್ರಿಕೆ, ದಾಸೋಹದ ಲೆಕ್ಕ, ಓಲೆಗರಿಯ ಕಟ್ಟು, ಮೋಡಿ ಲಿಪಿಯ ಪತ್ರ ಮೊದಲಾದವು ಅವುಗಳಲ್ಲಿ ಸೇರಿವೆ. ಇವುಗಳ ವಿಷಯದಲ್ಲಿ ನಮ್ಮ ಹೊಣೆ ಮೂರು ತೆರನಾದುದು. ಕೆಡದಂತೆ ಇಡುವುದು ಒಂದು. ಏನಿದೆಯೆಂಬುದನ್ನು ಬರೆದಿಡುವುದು ಎರಡು. ಬೇಕಾದವರಿಗೆ ತೋರಿಸುವುದು ಮೂರು. ಮೊದಲನೆಯದನ್ನು ಅನೇಕರು ಬಲ್ಲರು. ಎರಡನೆಯದನ್ನು ಕೆಲವರು ಮಾತ್ರ ಮಾಡುತ್ತಾರೆ. ಮೂರನೆಯದಕ್ಕೆ ಬಂದಾಗ ಬಹುತೇಕ ಕೈಗಳು ಹಿಂದೆ ಸರಿಯುತ್ತವೆ. ಮೂರೂ ಕೂಡಿದಾಗಲೇ ಪತ್ರವು ಪತ್ರವೆನಿಸುತ್ತದೆ, ಇಲ್ಲವಾದರೆ ಅದು ಹುಳುವಿನ ಆಹಾರ ಮಾತ್ರ.

ಮೂರು ನಿದರ್ಶನಗಳು

ಮೊದಲನೆಯ ನಿದರ್ಶನ ಮೈಸೂರಿನದು. ಅಲ್ಲಿ 1891ರಲ್ಲಿ ಓರಿಯಂಟಲ್ ಲೈಬ್ರರಿ ಎಂಬ ಪ್ರಾಚ್ಯ ಪುಸ್ತಕಭಾಂಡಾರ ಸ್ಥಾಪಿತವಾಯಿತು. ಇಂದು ಅದನ್ನು ಪ್ರಾಚ್ಯವಿದ್ಯಾ ಸಂಶೋಧನಾಲಯವೆಂದು ಕರೆಯುತ್ತೇವೆ. ತಂಜಾವೂರು ಸೀಮೆಯ ಪಂಡಿತರೊಬ್ಬರು ಗ್ರಂಥ ಲಿಪಿಯ ಓಲೆಗರಿಯ ಕಟ್ಟೊಂದನ್ನು ಅಲ್ಲಿಗೆ ಒಪ್ಪಿಸಿದರು. ಆ ಭಾಂಡಾರದಲ್ಲಿದ್ದ ವಿದ್ವಾಂಸರಾದ ಆರ್. ಶಾಮಶಾಸ್ತ್ರಿಗಳು ಅದನ್ನು ಬಿಚ್ಚಿ ಓದಿ, ಅದು ಕೌಟಿಲ್ಯನ 'ಅರ್ಥಶಾಸ್ತ್ರ'ವೆಂದು 1905ರಲ್ಲಿ ಗುರುತಿಸಿದರು. 1909ರಲ್ಲಿ ಮೂಲವು ಅಚ್ಚಾಯಿತು, 1915ರಲ್ಲಿ ಇಂಗ್ಲಿಷ್ ಅನುವಾದವು ಪುಸ್ತಕರೂಪದಲ್ಲಿ ಬಂದಿತು. ಬೇರೆ ಗ್ರಂಥಗಳಲ್ಲಿನ ಉಲ್ಲೇಖಗಳಿಂದ ಮಾತ್ರ ತಿಳಿದಿದ್ದ ಕೃತಿಯೊಂದು ಹೀಗೆ ಲೋಕಕ್ಕೆ ದೊರಕಿತು. ಇಲ್ಲಿ ಗಮನಿಸಬೇಕಾದ ಅಂಶವೆಂದರೆ, ಪಂಡಿತರು ಕೊಟ್ಟದ್ದರಿಂದ ಮಾತ್ರ ಈ ಕಾರ್ಯ ಆಗಲಿಲ್ಲ, ಭಾಂಡಾರವು ಇಟ್ಟುಕೊಂಡದ್ದರಿಂದ ಮಾತ್ರವೂ ಆಗಲಿಲ್ಲ. ಇಟ್ಟುದನ್ನು ಬಿಚ್ಚಿ, ಓದಿ, ಹೆಸರು ಹೇಳಿದುದರಿಂದ ಆಯಿತು.

ಎರಡನೆಯದು ಶೃಂಗೇರಿಯದು. 1791ರಲ್ಲಿ ಮರಾಠಾ ಸೈನ್ಯವೊಂದು ಶೃಂಗೇರಿಯನ್ನು ಸುಲಿಗೆಮಾಡಿತು. ಆಗ ಟಿಪ್ಪು ಸುಲ್ತಾನನು ಅಲ್ಲಿಯ ಜಗದ್ಗುರುಗಳಿಗೆ ಕನ್ನಡದಲ್ಲಿ ಪತ್ರಗಳನ್ನು ಬರೆಸಿ ಕಳುಹಿಸಿದನು, ದೇವಿಯ ಪುನಃಪ್ರತಿಷ್ಠೆಗೆ ನೆರವನ್ನೂ ನೀಡಿದನು. ಈ ಸಂಗತಿ ನಮಗೆ ತಿಳಿದದ್ದು ಹೇಗೆ? ಆ ಪತ್ರಗಳನ್ನು ಮಠವು ತನ್ನ ದಫ್ತರದಲ್ಲಿ ಕಟ್ಟಿ ಇಟ್ಟಿತ್ತು. 1916ರಲ್ಲಿ ಮೈಸೂರು ಪುರಾತತ್ತ್ವ ಇಲಾಖೆಯ ನಿರ್ದೇಶಕರಾಗಿದ್ದ ಆರ್. ನರಸಿಂಹಾಚಾರ್ಯರು ಅವನ್ನು ನೋಡಿ ಪ್ರಕಟಪಡಿಸಿದರು. ಆ ಅರಸನ ವಿಷಯದಲ್ಲಿ ಯಾರ ಅಭಿಪ್ರಾಯ ಏನೇ ಇರಲಿ, ವಾದಿಸುವವರೆಲ್ಲರೂ ಆ ಪತ್ರಗಳ ಮುಂದೆ ಬಂದು ನಿಲ್ಲಲೇಬೇಕಾಗಿದೆ. ಬಾಯಿಮಾತು ಕಾಲಕಾಲಕ್ಕೆ ಬಣ್ಣ ಬದಲಿಸುತ್ತದೆ. ಬರೆದ ಪತ್ರವು ಬರೆದಂತೆಯೇ ಇರುತ್ತದೆ.

ಮೂರನೆಯದು ನಮ್ಮ ಓದುಗ ಬಂಧುಗಳೆಲ್ಲರಿಗೂ ಆಪ್ತವಾದುದು. ಧಾರವಾಡದಲ್ಲಿ 1880ರಲ್ಲಿ ಜನಿಸಿ, ವಿಜಯಪುರದಲ್ಲಿ ವಕೀಲಿ ಮಾಡಿಕೊಂಡಿದ್ದ ಡಾ. ಫ.ಗು. ಹಳಕಟ್ಟಿಯವರು ಊರೂರು ತಿರುಗಿ ಮಠಗಳಿಂದಲೂ ಮನೆಗಳಿಂದಲೂ ವಚನಗಳ ಓಲೆಗರಿ ಕಟ್ಟುಗಳನ್ನು ಕೂಡಿಹಾಕಿದರು. ಮನೆಗಳಲ್ಲಿ ಅವು ಪೂಜೆಗೊಳ್ಳುತ್ತಿದ್ದವು, ಆದರೆ ಓದುವವರಿರಲಿಲ್ಲ. 1923ರಲ್ಲಿ 'ವಚನಶಾಸ್ತ್ರಸಾರ'ದ ಮೊದಲ ಭಾಗ ಹೊರಬಂದಿತು. 1925ರಲ್ಲಿ ಹಿತಚಿಂತಕ ಮುದ್ರಣಾಲಯ, 1926ರಲ್ಲಿ 'ಶಿವಾನುಭವ' ಪತ್ರಿಕೆ ಮೊದಲಾದವು. ಮುದ್ರಣಾಲಯಕ್ಕಾಗಿ ಅವರು ಸ್ವಂತ ಮನೆಯನ್ನೇ ಮಾರಿದುದು ನಾಡಿಗೆ ಗೊತ್ತಿರುವ ಮಾತು. 1993ರಲ್ಲಿ ಡಾ. ಎಂ.ಎಂ. ಕಲಬುರ್ಗಿಯವರ ಪ್ರಧಾನ ಸಂಪಾದಕತ್ವದಲ್ಲಿ ಕರ್ನಾಟಕ ಸರ್ಕಾರವು 15 ಸಮಗ್ರ ವಚನ ಸಂಪುಟಗಳನ್ನು ಹೊರತಂದಿತು. ಆ ಸಂಪುಟಗಳ ಬೆನ್ನ ಹಿಂದೆ ಹೆಸರಿಲ್ಲದ ಸಾವಿರಾರು ಗೃಹಸ್ಥರಿದ್ದಾರೆ. ಓದಲು ಬಾರದಿದ್ದರೂ ಕಟ್ಟನ್ನು ಎಸೆಯದೆ ಇಟ್ಟವರು ಅವರು. ಕೇಳಿದಾಗ 'ಒಯ್ಯಿರಿ' ಎಂದವರೂ ಅವರೇ. ಇಡದವರ ಮನೆಯ ಕಟ್ಟುಗಳು ಹೊಳೆಯ ನೀರಿಗೆ ಹೋದವು, ಕೆಲವು ಒಲೆಗೂ ಹೋದವು. ಅವುಗಳಲ್ಲಿ ಏನಿತ್ತೆಂಬುದನ್ನು ಇನ್ನು ಯಾರೂ ಹೇಳಲಾರರು.

ಬಂದ ಗಂಟನ್ನು ಬೆರಸಬಾರದು

ಪತ್ರಗಳನ್ನು ಇಡುವ ವಿದ್ಯೆಗೆ ಒಂದು ಶಾಸ್ತ್ರವಿದೆ. ಅದರ ಮೊದಲ ಸೂತ್ರ ಬಹು ಸರಳವಾದುದು: ಒಬ್ಬರ ಪತ್ರಗಳನ್ನು ಮತ್ತೊಬ್ಬರ ಪತ್ರಗಳೊಡನೆ ಬೆರಸಬಾರದು. 1841ರಲ್ಲಿ ಫ್ರಾನ್ಸ್ ದೇಶದ ಸರ್ಕಾರವು ತನ್ನ ಪತ್ರಾಗಾರಗಳಿಗೆ ಈ ನಿಯಮವನ್ನು ವಿಧಿಸಿತು. 1898ರಲ್ಲಿ ನೆದರ್ಲೆಂಡ್ಸಿನ ಮೂವರು ಪತ್ರಾಗಾರಿಗರಾದ ಮ್ಯುಲರ್, ಫೈತ್ ಮತ್ತು ಫ್ರೌನ್ ಎಂಬವರು ಕೂಡಿ ಬರೆದ ಕೈಪಿಡಿಯು ಅದಕ್ಕೆ ಇನ್ನೊಂದನ್ನು ಸೇರಿಸಿತು. ಪತ್ರಗಳು ಹುಟ್ಟಿದ ಕಚೇರಿಯಲ್ಲಿ ಅವುಗಳಿಗೆ ಯಾವ ಅನುಕ್ರಮವಿತ್ತೋ ಆ ಅನುಕ್ರಮವನ್ನು ಕೆಡಿಸಬಾರದು ಎಂಬುದೇ ಆ ಎರಡನೆಯ ಸೂತ್ರ. ಇಂದು ಜಗತ್ತಿನ ಪತ್ರಾಗಾರಗಳೆಲ್ಲ ಈ ಎರಡು ಸೂತ್ರಗಳ ಮೇಲೆ ನಿಂತಿವೆ.

ಪುಸ್ತಕಭಾಂಡಾರದ ಕ್ರಮಕ್ಕೂ ಇದಕ್ಕೂ ವ್ಯತ್ಯಾಸವಿದೆ. ಪುಸ್ತಕವು ತನ್ನಷ್ಟಕ್ಕೆ ತಾನು ಪೂರ್ಣವಾದುದು, ಅದನ್ನು ವಿಷಯಕ್ಕೆ ತಕ್ಕಂತೆ ಎಲ್ಲಿಟ್ಟರೂ ಅರ್ಥ ಕೆಡುವುದಿಲ್ಲ. ಪತ್ರವು ಹಾಗಲ್ಲ. ಅದು ಹಿಂದಿನ ಪತ್ರಕ್ಕೆ ಉತ್ತರ, ಮುಂದಿನ ಪತ್ರಕ್ಕೆ ಕಾರಣ. ತಾಯಿ, ಮಕ್ಕಳು, ಅಣ್ಣತಮ್ಮಂದಿರು ಒಂದೇ ಮನೆಯಲ್ಲಿದ್ದಾಗ ಸಂಬಂಧ ತಿಳಿಯುತ್ತದೆ, ಬೇರೆಬೇರೆ ಊರಿಗೆ ಅಟ್ಟಿದರೆ ಯಾರು ಯಾರಿಗೆ ಏನಾಗಬೇಕೆಂಬುದು ಮರೆತುಹೋಗುತ್ತದೆ.

ನಾವು ಹಸ್ತಪ್ರತಿಗಳನ್ನು ಅರಸಿ ತಿರುಗುತ್ತಿದ್ದ ಕಾಲದಲ್ಲಿ ಕಂಡ ಒಂದು ಗಂಟನ್ನು ಇಲ್ಲಿ ನೆನೆಯಬಹುದು. ಬಯಲುಸೀಮೆಯ ಒಂದು ಒಕ್ಕಲು ಮನೆಯಲ್ಲಿ ಎರಡು ಕಿರ್ದಿ ಪುಸ್ತಕಗಳು ಒಂದೇ ಕೆಂಪು ವಸ್ತ್ರದಲ್ಲಿ ಕಟ್ಟಲ್ಪಟ್ಟಿದ್ದವು. ಮೊದಲನೆಯದರ ತಲೆಯಲ್ಲಿ 'ಧಾತು ಸಂವತ್ಸರ' ಎಂದು ಮಾತ್ರ ಬರೆದಿತ್ತು. ಸಂವತ್ಸರಗಳ ಹೆಸರು 60 ವರ್ಷಗಳಿಗೊಮ್ಮೆ ಮರಳುತ್ತವೆ. ಧಾತುವು 1816ರಲ್ಲೂ ಬಂದಿತ್ತು, 1876ರಲ್ಲೂ ಬಂದಿತ್ತು, 1936ರಲ್ಲೂ ಬಂದಿತ್ತು. ಯಾವ ಧಾತುವೆಂದು ಹೇಗೆ ನಿರ್ಣಯಿಸಬೇಕು? ಎರಡನೆಯ ಪುಸ್ತಕವನ್ನು ಬಿಚ್ಚಿದಾಗ ಉತ್ತರ ದೊರೆಯಿತು. ಅದರಲ್ಲಿ 'ಶಕೆ 1799 ಈಶ್ವರ ಸಂವತ್ಸರ' ಎಂದಿತ್ತು. ಶಕ ವರ್ಷಕ್ಕೆ 78ನ್ನು ಕೂಡಿಸಿದರೆ ಕ್ರಿಸ್ತಶಕ 1877. ಹಾಗಾದರೆ ಮೊದಲನೆಯದು 1876ರ ಧಾತು. ದಕ್ಷಿಣ ಭಾರತವನ್ನೇ ನಡುಗಿಸಿದ, ನಮ್ಮ ಹಿರಿಯರು ಧಾತು-ಈಶ್ವರದ ಬರವೆಂದು ಕರೆದ 1876-78ರ ಮಹಾಕ್ಷಾಮದ ಲೆಕ್ಕಗಳು ಅವು.

ಪುಟ ತಿರುವಿದಂತೆ ಜೋಳದ ಲೆಕ್ಕ ಬಂದಿತು. ಇಂಥವರಿಗೆ ಇಷ್ಟು ಸೇರು, ಇಂಥವರಿಗೆ ಇಷ್ಟು ಪಾವು, ಎಂದು ಹೆಸರುಗಳ ಸಾಲು. ಕೊಟ್ಟದ್ದಕ್ಕೆ ಎದುರಾಗಿ ತಿರುಗಿ ಬಂದದ್ದರ ನಮೂದು ಬಹುತೇಕ ಇರಲಿಲ್ಲ. ಮನೆಯವರಿಗೆ ತಮ್ಮ ಹಿರಿಯರು ಹೀಗೆ ನಡೆದುಕೊಂಡಿದ್ದರೆಂಬುದೇ ತಿಳಿದಿರಲಿಲ್ಲ. ಓದುವುದನ್ನು ಕೇಳುತ್ತ ಬಾಗಿಲಲ್ಲಿ ನಿಂತಿದ್ದ, ಬೇರೆ ಓಣಿಯ ವೃದ್ಧರೊಬ್ಬರು ಒಂದು ಹೆಸರು ಬಂದಾಗ, 'ಇವ ನಮ್ಮ ಮುತ್ಯಾನ ಅಪ್ಪ ರೀ' ಎಂದರು. ಎರಡು ಪುಸ್ತಕಗಳಲ್ಲಿ ಒಂದನ್ನು ಯಾರಾದರೂ ಒಯ್ದಿದ್ದರೆ ವರ್ಷ ತಿಳಿಯುತ್ತಿರಲಿಲ್ಲ. ಗಂಟನ್ನು ಬಿಚ್ಚದಿದ್ದರೆ ಹೆಸರು ತಿಳಿಯುತ್ತಿರಲಿಲ್ಲ. ಎಲ್ಲರ ಎದುರಿಗೆ ಓದದಿದ್ದರೆ ಆ ವೃದ್ಧರಿಗೆ ತಮ್ಮ ಹಿರಿಯನು ಬರವನ್ನು ದಾಟಿದ ಬಗೆ ತಿಳಿಯುತ್ತಿರಲಿಲ್ಲ. ಇಡುವುದು, ಹೇಳುವುದು, ತೋರಿಸುವುದು, ಈ ಮೂರೂ ಒಂದೇ ಸರದ ಮಣಿಗಳೆಂಬುದಕ್ಕೆ ಇದಕ್ಕಿಂತ ಬೇರೆ ಪ್ರಮಾಣ ಬೇಕಿಲ್ಲ.

ನಾಡಿನ ದಫ್ತರ ಐದು ಕಡೆ

ಪತ್ರವು ಹುಟ್ಟಿದ ಕಚೇರಿಯನ್ನು ಅನುಸರಿಸುತ್ತದೆಂಬ ಈ ಸೂತ್ರದಿಂದ ಕನ್ನಡಿಗರಿಗೆ ಒಂದು ವಿಚಿತ್ರ ಸ್ಥಿತಿ ಒದಗಿದೆ. 1956ರ ನವೆಂಬರ್ 1ರಂದು ಏಕೀಕರಣವಾಗುವವರೆಗೆ ನಾಡು ಮೈಸೂರು, ಮುಂಬಯಿ, ಹೈದರಾಬಾದು, ಮದರಾಸು, ಕೊಡಗು ಎಂದು ಹಂಚಿಹೋಗಿತ್ತಷ್ಟೆ. ನೆಲವು ಒಂದಾಯಿತು, ಆದರೆ ಮೇಲಿನ ಕಚೇರಿಗಳ ಹಳೆಯ ದಫ್ತರಗಳು ಇದ್ದಲ್ಲಿಯೇ ಉಳಿದವು. ಕಲಬುರಗಿ, ರಾಯಚೂರು, ಬೀದರ ಸೀಮೆಯ ನಿಜಾಮನ ಕಾಲದ ವ್ಯವಹಾರವನ್ನು ತಿಳಿಯಬಯಸುವವರು ಹೈದರಾಬಾದಿನ ಪತ್ರಾಗಾರಕ್ಕೆ ಹೋಗಬೇಕು. ಧಾರವಾಡ, ಬೆಳಗಾವಿ, ವಿಜಯಪುರ ಸೀಮೆಯವರು ಮುಂಬಯಿಗೂ ಪುಣೆಗೂ ಹೋಗಬೇಕು. ಬಳ್ಳಾರಿ ಮತ್ತು ದಕ್ಷಿಣ ಕನ್ನಡದವರು ಚೆನ್ನೈಗೆ ಹೋಗಬೇಕು. ಪುಣೆಯ ಪೇಶ್ವೆ ದಫ್ತರವಂತೂ ಮೋಡಿ ಲಿಪಿಯ ಸಮುದ್ರ. ಅದರಿಂದ ಆಯ್ದ ಪತ್ರಗಳನ್ನು ಗೋ.ಸ. ಸರದೇಸಾಯಿಯವರು 1930ರ ದಶಕದ ಮೊದಲ ಭಾಗದಲ್ಲಿ 45 ಸಂಪುಟಗಳಾಗಿ ಪ್ರಕಟಿಸಿದರು. ಸವಣೂರು, ಕಿತ್ತೂರು, ಬಾದಾಮಿ ಮೊದಲಾದ ನಮ್ಮ ಊರುಗಳ ಇತಿಹಾಸಕಾರರು ಮೋಡಿಯನ್ನು ಕಲಿಯಬೇಕಾದ ಕಾರಣ ಇದೇ.

ಇಡೀ ದೇಶಕ್ಕೆ ಸಂಬಂಧಿಸಿದಂತೆ ಕಲ್ಕತ್ತೆಯಲ್ಲಿ 1891ರ ಮಾರ್ಚ್ 11ರಂದು ಆರಂಭವಾದ ಇಂಪೀರಿಯಲ್ ರೆಕಾರ್ಡ್ ಡಿಪಾರ್ಟ್‌ಮೆಂಟ್ ಇಂದು ದೆಹಲಿಯಲ್ಲಿ ರಾಷ್ಟ್ರೀಯ ಪತ್ರಾಗಾರವಾಗಿದೆ. ನಮ್ಮ ರಾಜ್ಯದ ಪತ್ರಾಗಾರ ಇಲಾಖೆಯು 1973ರಲ್ಲಿ ಆರಂಭವಾಯಿತು. ಸರ್ಕಾರದ ಪತ್ರಗಳಿಗೆ ಕಾನೂನಿನ ಕಾವಲೂ ಇದೆ. 1993ರ ಸಾರ್ವಜನಿಕ ದಾಖಲೆಗಳ ಅಧಿನಿಯಮದ ಪ್ರಕಾರ, ಕೇಂದ್ರ ಸರ್ಕಾರದ ದಾಖಲೆಗಳನ್ನು ವಿಧಿಸಿದ ಕ್ರಮವನ್ನು ಬಿಟ್ಟು ನಾಶಪಡಿಸುವಂತಿಲ್ಲ, ಅನುಮತಿಯಿಲ್ಲದೆ ದೇಶದ ಹೊರಗೆ ಒಯ್ಯುವಂತಿಲ್ಲ. ತಪ್ಪಿದವರಿಗೆ 5 ವರ್ಷಗಳವರೆಗೆ ಸೆರೆಮನೆ, ಅಥವಾ 10,000 ರೂಪಾಯಿಗಳವರೆಗೆ ದಂಡ, ಅಥವಾ ಎರಡೂ. 1892ಕ್ಕಿಂತ ಹಿಂದಿನ ದಾಖಲೆಯನ್ನು, ಅದು ತೀರ ಜೀರ್ಣವಾಗಿ ಉಪಯೋಗಕ್ಕೆ ಬಾರದಂತಾಗದ ಹೊರತು, ನಾಶಮಾಡಲೇಬಾರದೆಂದು ಅದು ವಿಧಿಸುತ್ತದೆ.

ಆದರೆ ನಮ್ಮ ಮನೆಯ ಪೆಟ್ಟಿಗೆಯಲ್ಲಿರುವ ಕಿರ್ದಿ ಪುಸ್ತಕಕ್ಕೆ ಈ ಕಾವಲಿಲ್ಲ. ಅದನ್ನು ರದ್ದಿಯವನಿಗೆ ತೂಕಕ್ಕೆ ಹಾಕಿದರೆ ಯಾವ ನ್ಯಾಯಾಲಯವೂ ಕೇಳುವುದಿಲ್ಲ. ಅಲ್ಲಿ ಕಾಯುವುದು ಕಾನೂನಲ್ಲ, ಮನೆಯವರ ವಿವೇಕ ಮಾತ್ರ.

ಪತ್ರ ಕಳೆದವರು ನೆಲವನ್ನೂ ಕಳೆದರು

ಹಳೆಯ ಕಾಗದದಿಂದ ಇಂದು ಏನು ಪ್ರಯೋಜನವೆಂದು ಕೇಳುವ ತರುಣರಿಗೆ ನಾವು ಮುಂಬಯಿ ಇಲಾಖೆಯ ಇನಾಮು ಆಯೋಗದ ಕಥೆಯನ್ನು ಹೇಳುತ್ತೇವೆ. 1852ರ ಕಾಯ್ದೆಯ ಮೇರೆಗೆ ಆ ಆಯೋಗವು ಇನಾಮುದಾರರ ಹಕ್ಕುಗಳನ್ನು ವಿಚಾರಿಸತೊಡಗಿತು. ಧಾರವಾಡ, ಬೆಳಗಾವಿ ಸೀಮೆಗಳಲ್ಲಿ ತಲೆಮಾರುಗಳಿಂದ ಉಂಬಳಿ ಉಂಡವರು ಸನದನ್ನು ತೋರಿಸಬೇಕಾಯಿತು. ಸನದು ಇದ್ದವರು ಉಳಿದರು. ಮಳೆಗೆ ನೆನೆದು, ಬೆಂಕಿಗೆ ಸಿಕ್ಕಿ, ಹುಳು ತಿಂದು ಸನದನ್ನು ಕಳೆದುಕೊಂಡ ಅನೇಕರು ನೆಲವನ್ನೂ ಕಳೆದುಕೊಂಡರು. ಊರೆಲ್ಲ ಸಾಕ್ಷಿ ನುಡಿದರೂ ಕಾಗದದ ಬಾಯಿ ಬೇಕಾಯಿತು.

ಇಂದಿಗೂ ಪರಿಸ್ಥಿತಿ ಬಹಳ ಬೇರೆಯಾಗಿಲ್ಲ. ಹೊಲದ ಬದುವಿನ ತಕರಾರು, ದತ್ತಕದ ಪ್ರಶ್ನೆ, ದೇವಸ್ಥಾನದ ಭೂಮಿ, ಕೆರೆಯ ನೀರಿನ ಸರದಿ ಇವುಗಳೆಲ್ಲವೂ ಕೊನೆಗೆ ಒಂದು ಹಳೆಯ ಕಾಗದದ ಮೇಲೆ ಬಂದು ನಿಲ್ಲುತ್ತವೆ. 1961ರ ಗ್ರಾಮಾಧಿಕಾರ ರದ್ದಿಯಾತಿ ಕಾಯ್ದೆಯಿಂದ ಶಾನುಭೋಗ, ಕುಲಕರ್ಣಿ, ಪಟೇಲರ ವಂಶಪಾರಂಪರ್ಯ ಅಧಿಕಾರ ಹೋಯಿತು. ಆಗ ಸರ್ಕಾರಕ್ಕೆ ಒಪ್ಪಿಸಿದವುಗಳಲ್ಲದೆ ಅನೇಕ ಕಾಗದಗಳು ಆ ಮನೆಗಳಲ್ಲಿಯೇ ಉಳಿದವು. ಆ ಮನೆಗಳ ಹಿರಿಯರು ಇಂದು ಇಲ್ಲ. ಮಕ್ಕಳು ನಗರ ಸೇರಿದ್ದಾರೆ. ಮನೆ ಬೀಳುವ ಮುನ್ನ ಗಂಟು ಹೊರಬರಬೇಕು.

ವಿವರಪಟ್ಟಿ ಬರೆಯುವ ಕ್ರಮ

ಪತ್ರಾಗಾರಗಳ ಅಂತರರಾಷ್ಟ್ರೀಯ ಪರಿಷತ್ತು 1994ರಲ್ಲಿ ಪತ್ರಸಂಗ್ರಹಗಳ ವಿವರಣೆಗೆ ಒಂದು ಸಾಮಾನ್ಯ ಮಾನದಂಡವನ್ನು ಪ್ರಕಟಿಸಿತು, 2000ದಲ್ಲಿ ಅದರ ಎರಡನೆಯ ಆವೃತ್ತಿ ಬಂದಿತು. ಅದರಲ್ಲಿ ಅನೇಕ ಅಂಶಗಳಿದ್ದರೂ, ಬಿಡಲೇಬಾರದವು ಆರು: ಗುರುತಿನ ಸಂಖ್ಯೆ, ಶೀರ್ಷಿಕೆ, ಪತ್ರಗಳನ್ನು ಹುಟ್ಟಿಸಿದವರು, ಕಾಲ, ಪ್ರಮಾಣ, ಮತ್ತು ಮಟ್ಟ. ಮಟ್ಟವೆಂದರೆ, ನಾವು ಹೇಳುತ್ತಿರುವುದು ಇಡೀ ಸಂಗ್ರಹವನ್ನು ಕುರಿತೋ, ಅದರೊಳಗಿನ ಒಂದು ಗಂಟನ್ನು ಕುರಿತೋ, ಗಂಟಿನೊಳಗಿನ ಒಂದು ಹಾಳೆಯನ್ನು ಕುರಿತೋ ಎಂಬುದು. ಮೊದಲು ಮರವನ್ನು ಹೇಳಬೇಕು, ಆಮೇಲೆ ಕೊಂಬೆ, ಕೊನೆಗೆ ಎಲೆ. ಮೊದಲ ದಿನವೇ ಎಲೆ ಎಣಿಸಲು ಕುಳಿತವರು ಮೂರನೆಯ ದಿನ ಬೇಸತ್ತು ಏಳುತ್ತಾರೆ.

ಇದು ದೊಡ್ಡ ಕಚೇರಿಗಳಿಗೆ ಮಾತ್ರ ಸಾಧ್ಯವಾದುದೆಂದು ತಿಳಿಯಬಾರದು. 100 ಪುಟಗಳ ಒಂದು ನೋಟುಪುಸ್ತಕವಿದ್ದರೆ ಸಾಕು. ಒಂದು ಮನೆಯ ನಮೂದು ಹೀಗಿರಬಹುದು:

ಗುರುತಿನ ಸಂಖ್ಯೆ: ಗಂಟು 3.
ಶೀರ್ಷಿಕೆ: ಹೊಲದ ಕ್ರಯಪತ್ರಗಳು ಮತ್ತು ಸಾಲದ ಕರಾರುಗಳು.
ಯಾರವು: ಮನೆಯ ಮುತ್ತಜ್ಜನವರವು (ಇಲ್ಲಿ ಪೂರ್ಣ ಹೆಸರು, ಊರು).
ಕಾಲ: 1898ರಿಂದ 1931.
ಪ್ರಮಾಣ: 42 ಹಾಳೆಗಳು, ಅವುಗಳಲ್ಲಿ 6 ಮೋಡಿಯವು.
ಮಟ್ಟ: ಮನೆಯ ಸಂಗ್ರಹದೊಳಗಿನ ಒಂದು ಗಂಟು.

ಇಷ್ಟು ಬರೆಯಲು ಅರ್ಧ ಗಂಟೆ ಸಾಕು. ಓದಲು ಬಾರದ ಲಿಪಿಯಿದ್ದರೆ 'ಮೋಡಿಯಂತೆ ತೋರುತ್ತದೆ' ಎಂದು ಬರೆದರೂ ಸರಿಯೆ. ಅದು ಸಹ ವಿವರವೇ. ಊಹೆಯನ್ನು ಊಹೆಯೆಂದೂ, ಕಂಡದ್ದನ್ನು ಕಂಡದ್ದೆಂದೂ ಬೇರ್ಪಡಿಸಿ ಬರೆಯಬೇಕು.

ಕಾಲನಿರ್ಣಯದಲ್ಲಿ ಎಚ್ಚರ ಅಗತ್ಯ. ಶಕ ವರ್ಷಕ್ಕೆ 78 ಕೂಡಿಸಬೇಕೆಂಬುದನ್ನು ಮೇಲೆ ಹೇಳಿದೆವು. ಯುಗಾದಿಯ ಹಿಂದುಮುಂದಿನ ತಿಂಗಳುಗಳಲ್ಲಿ ಒಂದು ವರ್ಷದ ವ್ಯತ್ಯಾಸ ಬರುತ್ತದೆ. ಕಂದಾಯದ ಕಾಗದಗಳಲ್ಲಿ ಫಸಲಿ ವರ್ಷವಿರುತ್ತದೆ. ನಮ್ಮ ಕಡೆಯ ಫಸಲಿಗೆ 590 ಕೂಡಿಸಿದರೆ ಅದು ಮೊದಲಾಗುವ ಕ್ರಿಸ್ತಶಕ ವರ್ಷ ದೊರೆಯುತ್ತದೆ, ಅಂದರೆ ಫಸಲಿ 1300 ಎಂಬುದು 1890ರಲ್ಲಿ ಮೊದಲಾಗುತ್ತದೆ. ಬರೀ ಸಂವತ್ಸರವಿದ್ದರೆ 60 ವರ್ಷಗಳ ಗೊಂದಲವನ್ನು ನೆನಪಿಡಬೇಕು. ಪ್ರಭವವು 1867, 1927, 1987ರಲ್ಲಿ ಬಂದಿತ್ತೆಂಬುದನ್ನು ಬರೆದಿಟ್ಟುಕೊಂಡರೆ ಉಳಿದ ಸಂವತ್ಸರಗಳನ್ನು ಬೆರಳೆಣಿಸಿ ಹೇಳಬಹುದು. ಕಾಗದದ ಮೇಲಿದ್ದುದನ್ನು ಇದ್ದಂತೆಯೇ ಬರೆದು, ನಮ್ಮ ಲೆಕ್ಕವನ್ನು ಪಕ್ಕದಲ್ಲಿ ಬೇರೆಯಾಗಿ ಬರೆಯುವುದು ಉತ್ತಮ.

ಜೋಪಾನದ ನಾಲ್ಕು ಮಾತು

ಹಿರಿಯರು ಓಲೆಗರಿಗೆ ಎರಡು ಮರದ ಹಲಗೆ ಕೊಟ್ಟು, ದಾರ ಪೋಣಿಸಿ, ವಸ್ತ್ರದಲ್ಲಿ ಬಿಗಿಯಾಗಿ ಸುತ್ತುತ್ತಿದ್ದರು. ಗರಿ ಡೊಂಕಾಗದಿರಲು ಹಲಗೆ, ಧೂಳು ಮತ್ತು ಬೆಳಕು ತಾಗದಿರಲು ವಸ್ತ್ರ, ಹುಳುವಿಗೆ ಬಜೆಯ ಬೇರು ಮತ್ತು ಬೇವಿನ ಎಲೆ. ಕಂಠದಿಂದ ಕೊರೆದ ಅಕ್ಷರಗಳು ಮಾಸಿದಾಗ ಕಾಡಿಗೆ ತೀಡಿ ಒರೆಸುತ್ತಿದ್ದರು. ಬಟ್ಟೆಗೆ ಹುಣಿಸೆಬೀಜದ ಸರಿ ಮತ್ತು ಇದ್ದಿಲಪುಡಿ ಬಳಿದು ಮಾಡಿದ ಕಡತದ ಮೇಲೆ ಬಳಪದಿಂದ ಬರೆಯುತ್ತಿದ್ದರು. ಅದು ಒರೆಸಿದರೆ ಅಳಿಯುವಂತಹುದು. ಆದುದರಿಂದ ಕಡತ ಸಿಕ್ಕಿದವರು ಅದನ್ನು ಒದ್ದೆ ಬಟ್ಟೆಯಿಂದ ಸ್ವಚ್ಛಮಾಡಲು ಹೋಗಲೇಬಾರದು. ಶುಚಿಯ ಉತ್ಸಾಹದಿಂದ ಶತಮಾನದ ಲೆಕ್ಕ ಒಂದು ನಿಮಿಷದಲ್ಲಿ ಮಾಯವಾದೀತು.

ಕಾಗದದ ವಿಷಯದಲ್ಲಿ ಇಂದಿನವರು ಮಾಡುವ ಕೆಡುಕುಗಳು ಬೇರೆ. ಹರಿದಲ್ಲಿ ಪಾರದರ್ಶಕ ಅಂಟುಪಟ್ಟಿ ಹಚ್ಚುತ್ತಾರೆ. ಕೆಲವು ವರ್ಷಗಳಲ್ಲಿ ಅದರ ಅಂಟು ಹಳದಿಯಾಗಿ ಕಾಗದವನ್ನೇ ತಿನ್ನುತ್ತದೆ. ಗುಂಡುಸೂಜಿ, ಪಿನ್ನುಗಳು ತುಕ್ಕು ಹಿಡಿದು ತೂತು ಮಾಡುತ್ತವೆ. ಶಾಖ ಕೊಟ್ಟು ಪ್ಲಾಸ್ಟಿಕ್ ಹೊದಿಕೆ ಹಾಕಿಸಿದರೆ ಮರಳಿ ತೆಗೆಯುವಂತಿಲ್ಲ. ಹಳೆಯ ಛಾಪಾ ಕಾಗದದ ಮೇಲಿನ ಮುದ್ರೆಯನ್ನು ಅಂದವಾಗಿದೆಯೆಂದು ಕತ್ತರಿಸಿ ತೆಗೆಯುವವರೂ ಇದ್ದಾರೆ. ಅದು ದೇವರ ಮೂರ್ತಿಯ ಕಿವಿ ಕೊಯ್ದಂತೆ. ಮಡಿಕೆಗಳನ್ನು ಮೆಲ್ಲಗೆ ಬಿಡಿಸಿ, ಒಣಗಿದ ಮೆತ್ತನೆಯ ಕುಂಚದಿಂದ ಧೂಳು ಸವರಿ, ತೊಳೆದು ಗಂಜಿ ತೆಗೆದ ಹತ್ತಿಯ ಬಟ್ಟೆಯಲ್ಲಿ ಕಟ್ಟಿ, ಗೋಡೆಗೂ ನೆಲಕ್ಕೂ ತಾಗದಂತೆ ಎತ್ತರದಲ್ಲಿಡಬೇಕು. ವರ್ಷಕ್ಕೆರಡು ಸಲ, ಮಳೆಗಾಲದ ಮುಂಚೆ ಒಮ್ಮೆ, ಕಳೆದ ಮೇಲೆ ಒಮ್ಮೆ, ಬಿಚ್ಚಿ ನೆರಳಿನಲ್ಲಿ ಗಾಳಿಗೆ ಹಿಡಿಯಬೇಕು. ಇದಕ್ಕಿಂತ ಹೆಚ್ಚಿನ ಚಿಕಿತ್ಸೆ ಬಲ್ಲವರ ಕೆಲಸ.

ತೋರಿಸುವುದೂ ಒಂದು ದಾಸೋಹ

ಇನ್ನು ಕಠಿನವಾದ ಮಾತಿಗೆ ಬರೋಣ. ಪತ್ರವಿದ್ದವರು ತೋರಿಸಲು ಹಿಂಜರಿಯುವುದಕ್ಕೆ ಕಾರಣಗಳಿಲ್ಲದಿಲ್ಲ. ಓದಲು ಒಯ್ದವರು ಮರಳಿ ಕೊಡಲಿಲ್ಲವೆಂಬ ದುಃಖವನ್ನು ನಾವು ಅನೇಕ ಮನೆಗಳಲ್ಲಿ, ಮಠಗಳಲ್ಲಿ ಕೇಳಿದ್ದೇವೆ. ಆ ದುಃಖ ನ್ಯಾಯವಾದುದು. ವಿದ್ವಾಂಸರೆನಿಸಿಕೊಂಡವರು ಇದಕ್ಕೆ ಉತ್ತರ ಕೊಡಬೇಕು. ಇನ್ನು ಕೆಲವರಿಗೆ ಮನೆಯ ಸಾಲ, ಜಗಳ, ಪಾಲು, ದತ್ತಕದ ಗುಟ್ಟು ಹೊರಬೀಳುವುದೆಂಬ ಅಂಜಿಕೆ. ಅದೂ ಅಲ್ಲಗಳೆಯುವಂತಹುದಲ್ಲ.

ಎರಡಕ್ಕೂ ಪತ್ರಾಗಾರಗಳು ಪರಿಹಾರ ಕಂಡುಕೊಂಡಿವೆ. ಮೊದಲನೆಯದಕ್ಕೆ ಪರಿಹಾರವೆಂದರೆ ಮೂಲವನ್ನು ಹೊರಗೆ ಕೊಡದಿರುವುದು. ಬಂದವರು ಅಲ್ಲಿಯೇ ಕುಳಿತು ಓದಬೇಕು, ಒಂದು ಸಲಕ್ಕೆ ಒಂದೇ ಗಂಟು ಬಿಚ್ಚಬೇಕು, ಹಾಳೆಗಳನ್ನು ಎಣಿಸಿ ಕೊಟ್ಟು ಎಣಿಸಿ ತೆಗೆದುಕೊಳ್ಳಬೇಕು, ಬಂದವರ ಹೆಸರು, ದಿನಾಂಕ, ನೋಡಿದ ಗಂಟಿನ ಸಂಖ್ಯೆಗಳನ್ನು ಪುಸ್ತಕದಲ್ಲಿ ಬರೆಸಿ ಸಹಿ ತೆಗೆದುಕೊಳ್ಳಬೇಕು. ನಕಲು ಬೇಕೆಂದರೆ ನಕಲು ಕೊಡಬಹುದು. ಎರಡನೆಯದಕ್ಕೆ ಪರಿಹಾರವೆಂದರೆ ಅವಧಿ. 1997ರ ನಿಯಮಗಳ ಮೇರೆಗೆ ರಾಷ್ಟ್ರೀಯ ಪತ್ರಾಗಾರದಲ್ಲಿ ಗೋಪ್ಯವಲ್ಲದ ದಾಖಲೆಗಳು 30 ವರ್ಷಗಳಾದ ಮೇಲೆ ಸಂಶೋಧಕರಿಗೆ ತೆರೆಯುತ್ತವೆ. ಮನೆಯವರೂ ಹೀಗೆಯೇ, 'ಈ ಗಂಟನ್ನು ಇಂಥ ವರ್ಷದವರೆಗೆ ತೆರೆಯಬಾರದು' ಎಂದು ಮೇಲೆ ಬರೆದು ಮುಚ್ಚಿಡಬಹುದು. ಬದುಕಿರುವವರ ಮಾನವನ್ನು ಕಾಯುವುದು ಧರ್ಮವೇ ಸರಿ. ಆದರೆ ಮುಚ್ಚಿದ್ದಕ್ಕೆ ಒಂದು ಕೊನೆಯ ದಿನಾಂಕವಿರಬೇಕು. ಕೊನೆಯಿಲ್ಲದ ಗುಟ್ಟನ್ನು ಕೊನೆಗೆ ಒರಲೆಯೇ ಓದುತ್ತದೆ.

ಇಂದು ಹೊಸ ಸಾಧನಗಳೂ ಕೈಗೆ ಬಂದಿವೆ. ರಾಷ್ಟ್ರೀಯ ಪತ್ರಾಗಾರವು 2015ರಲ್ಲಿ 'ಅಭಿಲೇಖ ಪಟಲ' ಎಂಬ ಅಂತರ್ಜಾಲ ತಾಣವನ್ನು ತೆರೆದು, ದೂರದ ಊರಿನವರಿಗೂ ದಾಖಲೆಗಳ ಸೂಚಿಯನ್ನೂ ಚಿತ್ರಗಳನ್ನೂ ಕಾಣಿಸುತ್ತಿದೆ. 2003ರಲ್ಲಿ ಆರಂಭವಾದ ರಾಷ್ಟ್ರೀಯ ಹಸ್ತಪ್ರತಿ ಅಭಿಯಾನವು ಕನಿಷ್ಠ 75 ವರ್ಷ ಹಳೆಯದಾದ ಕೈಬರೆಹದ ಕೃತಿಗಳನ್ನು ಹಸ್ತಪ್ರತಿಯೆಂದು ಪರಿಗಣಿಸಿ ದಾಖಲಿಸುವ ಕಾರ್ಯವನ್ನು ಕೈಗೊಂಡಿತು. 2025ರ ಕೇಂದ್ರ ಆಯವ್ಯಯದಲ್ಲಿ 1 ಕೋಟಿಗೂ ಹೆಚ್ಚು ಹಸ್ತಪ್ರತಿಗಳನ್ನು ಒಳಗೊಳ್ಳುವ 'ಜ್ಞಾನ ಭಾರತಂ' ಯೋಜನೆಯನ್ನು ಘೋಷಿಸಲಾಯಿತು. ಮನೆಯ ಮಕ್ಕಳ ಕೈಯಲ್ಲಿರುವ ಮೊಬೈಲು ಫೋನಿನಿಂದಲೇ ಹಾಳೆಗಳ ಚಿತ್ರ ತೆಗೆಯಬಹುದು. ಆದರೆ ಎರಡು ಮಾತುಗಳನ್ನು ಮರೆಯಬಾರದು. ಚಿತ್ರಕ್ಕೆ ಗಂಟಿನ ಸಂಖ್ಯೆಯನ್ನೂ ಹಾಳೆಯ ಸಂಖ್ಯೆಯನ್ನೂ ಕೊಡದಿದ್ದರೆ, ಅಟ್ಟದ ಮೇಲಿದ್ದ ರಾಶಿಯು ಯಂತ್ರದೊಳಗಿನ ರಾಶಿಯಾಗುತ್ತದೆ, ಅಷ್ಟೆ. ಚಿತ್ರ ತೆಗೆದಾಯಿತೆಂದು ಮೂಲವನ್ನು ಎಸೆಯಕೂಡದು. ಯಂತ್ರ ಕೆಡುತ್ತದೆ, ನ್ಯಾಯಾಲಯವು ಮೂಲವನ್ನು ಕೇಳುತ್ತದೆ, ಕಾಗದದ ಬೆನ್ನ ಮೇಲಿನ ಬರೆಹ ಚಿತ್ರದಲ್ಲಿ ಬಂದಿರುವುದಿಲ್ಲ.

ಇಟ್ಟುಕೊಳ್ಳುವ ಶಕ್ತಿಯಿಲ್ಲದವರು ಕೊಟ್ಟುಬಿಡುವುದು ಮೇಲು. 1993ರ ಅಧಿನಿಯಮವೇ ಐತಿಹಾಸಿಕ ಮಹತ್ತ್ವದ ಖಾಸಗಿ ದಾಖಲೆಗಳನ್ನು ಕೊಡುಗೆಯಾಗಿ ಪಡೆಯಲು ಪತ್ರಾಗಾರಕ್ಕೆ ಅವಕಾಶವಿತ್ತಿದೆ. ವಿಶ್ವವಿದ್ಯಾಲಯಗಳ ಹಸ್ತಪ್ರತಿ ವಿಭಾಗಗಳೂ ಇವೆ. ಕೊಡುವಾಗ ಗಂಟನ್ನು ಒಡೆಯದೆ ಕೊಡಬೇಕು, ಪಟ್ಟಿಯೊಡನೆ ಕೊಡಬೇಕು, ಯಾರ ಮನೆಯದೆಂಬುದನ್ನು ಬರೆಯಿಸಬೇಕು, ಒಪ್ಪಿಗೆಯ ಕಾಗದ ಪಡೆಯಬೇಕು.

ಪ್ರತಿವರ್ಷ ಮಹಾನವಮಿಯ ಮುಂಚೆ ನಮ್ಮ ಮನೆಗಳಲ್ಲಿ ಸುಣ್ಣ-ಸಾರಣೆ ನಡೆಯುತ್ತದೆ. ಅಟ್ಟ ಇಳಿಯುತ್ತದೆ, ಪೆಟ್ಟಿಗೆ ಅಂಗಳಕ್ಕೆ ಬರುತ್ತದೆ. ಹಳೆಯ ಪತ್ರಗಳು ಹೆಚ್ಚಾಗಿ ನಾಶವಾಗುವುದು ಬೆಂಕಿಯಿಂದಲೂ ಅಲ್ಲ, ನೆರೆಯಿಂದಲೂ ಅಲ್ಲ, ಆ ಒಂದು ದಿನದ ಅವಸರದಿಂದ. ಈ ಸಲ ಪೆಟ್ಟಿಗೆ ಹೊರಬಂದಾಗ ಮನೆಯ ಹಿರಿಯ ತಾಯಂದಿರನ್ನು ಪಕ್ಕದಲ್ಲಿ ಕೂಡಿಸಿಕೊಳ್ಳಿರಿ. ಯಾವ ಗಂಟು ಯಾರದೆಂಬುದನ್ನು ಬಲ್ಲವರು ಅವರೇ, ಅವರು ಹೇಳಿದುದನ್ನು ಆಗಲೇ ಬರೆದುಕೊಳ್ಳಿರಿ. ಓದಲು ಬರುವ ಮೊಮ್ಮಕ್ಕಳ ಕೈಗೆ ನೋಟುಪುಸ್ತಕ ಕೊಡಿರಿ. ಮೊದಲ ಪುಟದಲ್ಲಿ 'ಗಂಟು 1' ಎಂದು ಬರೆಯಲಿ. ಅಷ್ಟಾದರೆ ಕಾರ್ಯ ಮೊದಲಾದಂತೆ. ನಮ್ಮ ಹಿರಿಯರು ನಮಗಾಗಿ ಬರೆದಿಟ್ಟರು. ಅದನ್ನು ಮುಂದಿನವರು ಓದುವಂತೆ ಉಳಿಸಿಕೊಡುವುದು ಆ ಋಣವನ್ನು ತೀರಿಸುವ ದಾರಿ.